ತಾವ್ ಮಿಂಗನ ಕೋಲಿಗೆ ಪೂಜೆ

ಆಯುಧ ಪೂಜೆಯ ಬೆಳಿಗ್ಗೆ ಡಾಕ್ಟರ್ ಕರಬಸಪ್ಪ ಮೆಟ್ಟಿಲಿಳಿದು ಬಂದಾಗ ಅವನ ಕಾರಿನ ಕೀಲಿ, ಸ್ಟೆತಾಸ್ಕೋಪು, ಮಿಕ್ಸರು, ಹುಲ್ಲು ಕತ್ತರಿಸುವ ಮಷೀನು ಎಲ್ಲವೂ ವಿಭೂತಿ ಕುಂಕುಮ ಧರಿಸಿ ನಡುಮನೆಯಲ್ಲಿ ಸಾಲಾಗಿ ಕೂತಿದ್ದವು. ಅವುಗಳ ನಡುವೆ, ಮದುವೆ ಮನೆಯಲ್ಲಿ ಯಾರಿಗೂ ಗುರುತಿಲ್ಲದ ನೆಂಟನ ಹಾಗೆ, ಅರಿಸಿನ ಬಳಿದುಕೊಂಡ ಒಂದು ಕೋಲು ಮಲಗಿತ್ತು.

"ಯವ್ವಾ, ಇದು ಯಾರ ಕೋಲು?"

"ಯಾರದಂದ್ರ? ಮ್ಯಾಲಿನ ಖೋಲ್ಯಾಗಿನ ತಮ್ಮಂದು," ಎಂದಳು ಅವನ ತಾಯಿ ಸಿದ್ದವ್ವ, ಊದುಬತ್ತಿ ಹಚ್ಚುತ್ತ. "ಅವನ ಹೊಟ್ಟಿ ತುಂಬೂದು ಇದರ ಮ್ಯಾಲ ಅಲ್ಲೇನು? ಪಾಪ, ಹಡದಾಕಿ ಚೀನಾದಾಗ ಅದಾಳ. ಇಲ್ಲಿ ಪೂಜಿ ಮತ್ಯಾರು ಮಾಡ್ಬೇಕು?"

ಕರಬಸಪ್ಪ ಕೋಲನ್ನು ಎತ್ತಿ ತುದಿ ನೋಡಿದ. ಅಲ್ಲಿ ಇರಬೇಕಾದದ್ದು ಇರಲಿಲ್ಲ.

"ಇದರ ತುದಿಗಿದ್ದದ್ದು ಎಲ್ಲೆವ್ವಾ?"

"ಅದಾ? ಯಾರೋ ತೊಗಲಿನ ಬಿಲ್ಲಿ ಅಂಟಿಸಿದ್ರು. ಮ್ಯಾಲ ನೀಲಿ ಹೊಲಸು ಬ್ಯಾರೆ. ಪೂಜಾದಾಗ ಯಾರರೆ ತೊಗಲು ಇಡ್ತಾರೇನು? ಚಾಕೂಲೆ ಎಬ್ಬಿಸಿ ಕಸದ ಡಬ್ಬಿಗೆ ಒಗದ್ನಿ."

ಅಷ್ಟರಲ್ಲಿ ಅವರ ಡಬ್ಬಿಯನ್ನು ಬರಿದು ಮಾಡಿಕೊಂಡು ಹೊರಟ ಕೌನ್ಸಿಲಿನ ಕಸದ ಲಾರಿ ಬೀದಿಯ ತಿರುವಿನಲ್ಲಿ ಗುರುಗುಟ್ಟಿತು. ಕರಬಸಪ್ಪ ಲುಂಗಿ ಎತ್ತಿ ಕಟ್ಟಿ ಹಿಂದೆ ಓಡಿದ. ಇಂಗ್ಲೆಂಡಿನ ಈ ಶೆಫೀಲ್ಡ್ ಊರಿನ ಬೀದಿಗಳು ಒಂದೋ ಏರು, ಇಲ್ಲವೇ ಇಳಿಜಾರು. ಲಾರಿಗೆ ಇಳಿಜಾರು ಸಿಕ್ಕಿತು. ಪಕ್ಕದ ಮನೆಯ ಬ್ರೆಂಡಾ, ಡಾಕ್ಟರೇ ಓಡುತ್ತಿದ್ದಾರೆಂದರೆ ಲಾರಿ ಇವತ್ತು ನಿಲ್ಲುವುದಿಲ್ಲವೆಂದು ತಿಳಿದು ತನ್ನ ಡಬ್ಬಿಯನ್ನೂ ಎಳೆದುಕೊಂಡು ಓಡಿದಳು. ಇಬ್ಬರಿಗೂ ಲಾರಿ ಸಿಗಲಿಲ್ಲ. "ಇವರ ಮೇಲೆ ಒಂದು ದೂರು ಬರೀಬೇಕು ಡಾಕ್ಟರ್," ಎಂದು ಬ್ರೆಂಡಾ ಏದುಸಿರು ಬಿಟ್ಟಳು.

ಮೇಜಿನ ಮೇಲೆ ಕೋಲಿನಿಂದ ಚೆಂಡು ಹೊಡೆಯುವ ಸ್ನೂಕರ್ ಆಟಗಾರನಿಗೆ, ಕೋಲಿನ ತುದಿಯ ನೀಲಿ ಸುಣ್ಣ ಮೆತ್ತಿದ ಆ ತೊಗಲಿನ ಬಿಲ್ಲೆ ಎಂದರೆ ಹಾಡುವವನಿಗೆ ಗಂಟಲಿದ್ದ ಹಾಗೆ. ಹೊಸದನ್ನು ಅಂಟಿಸಿದರೆ ಅದು ಪಳಗಲು ಎಷ್ಟೋ ದಿನ ಬೇಕು. ಮೇಲಿನ ಕೋಣೆಯ ಹುಡುಗ ತಾವ್ ಮಿಂಗನ ಪಂದ್ಯ ಅದೇ ಮಧ್ಯಾಹ್ನ ಮೂರು ಗಂಟೆಗೆ, ಪಕ್ಕದೂರು ಬಾರ್ನ್ಸ್ಲಿಯಲ್ಲಿ.

ಈ ತಾವ್ ಮಿಂಗ್ ಸಾಮಾನ್ಯನಲ್ಲ. ಎಂಟನೆಯ ವಯಸ್ಸಿನಲ್ಲಿ ಅಪ್ಪನ ಹೋಟೆಲಿನ ಸ್ಟೂಲಿನ ಮೇಲೆ ನಿಂತು ಕೋಲು ಹಿಡಿದವನು. ಹದಿನಾರಕ್ಕೆ ಇಂಗ್ಲಿಷಿನ ನಾಲ್ಕು ಮಾತು, ಒಂದು ಸೂಟ್‌ಕೇಸು, ಈ ಕೋಲು ಇಷ್ಟನ್ನೇ ಕಟ್ಟಿಕೊಂಡು ಶೆಫೀಲ್ಡಿಗೆ ಬಂದಿಳಿದ. ಹದಿನೆಂಟಕ್ಕೆ ಟೀವಿಯಲ್ಲಿ, ಹೆಸರುವಾಸಿ ಆಟಗಾರನೊಬ್ಬನನ್ನು, ಸರದಿಯೇ ಕೊಡದೆ, ಕುರ್ಚಿಯಿಂದ ಏಳಲು ಬಿಡದೆ ಸೋಲಿಸಿದ. ಅಂಥವನು ತನ್ನ ಮೇಲಿನ ಕೋಣೆಗೆ ಬಾಡಿಗೆಗೆ ಬಂದ ದಿನ ಕರಬಸಪ್ಪನಿಗೆ ಮನೆಯೊಳಗೆ ದೇವರೇ ಕಾಲಿಟ್ಟಂತೆ ಆಗಿತ್ತು. ಹುಬ್ಬಳ್ಳಿಯಲ್ಲಿ ಡಾಕ್ಟರಿಕೆ ಓದುವಾಗ ಕರಬಸಪ್ಪನೂ ಕ್ಲಬ್ಬಿನ ಮೇಜಿಗೆ ಬಗ್ಗಿ ಬಗ್ಗಿ ಬೆನ್ನುನೋವು ತಂದುಕೊಂಡವನೇ. ತಾವ್ ಮೆಟ್ಟಿಲು ಹತ್ತುವ ಸದ್ದು ಕೇಳಿದರೂ ಸಾಕು, ಅವನು ಟೀವಿಯ ದನಿ ತಗ್ಗಿಸುತ್ತಿದ್ದ.

ಆದರೆ ಆ ವರ್ಷ ಹುಡುಗನಿಗೆ ಏನೋ ಆಗಿತ್ತು. ಒಂದಾದ ಮೇಲೊಂದು ಪಂದ್ಯ ಸೋತ. ಅವನ ಖರ್ಚು ಹೊತ್ತಿದ್ದ ಅವನೂರಿನ ಟೈಲ್ಸ್ ಕಾರ್ಖಾನೆಯ ಯಜಮಾನ, "ಇದೊಂದು ಗೆದ್ದರೆ ಇರು, ಸೋತರೆ ಊರಿಗೆ ಬಾ, ಕಾರ್ಖಾನೆಯಲ್ಲಿ ಕೆಲಸ ಇದೆ," ಎಂದು ಫೋನಿನಲ್ಲಿ ಹೇಳಿಬಿಟ್ಟಿದ್ದ. ಆ ಮಾತನ್ನು ತಾವ್ ಅನ್ನ ಸಾರು ಕಲಸುತ್ತ ಹೇಳಿದ ದಿನ ಸಿದ್ದವ್ವ ಅರ್ಥವಾಗದೆಯೂ ಕಣ್ಣೊರೆಸಿಕೊಂಡಿದ್ದಳು.

ಈಗ ಆ ಹುಡುಗ ಮೇಲೆ ಮಲಗಿದ್ದ. ಪಂದ್ಯದ ದಿನ ತಡವಾಗಿ ಏಳುವುದು ಅವನ ಪದ್ಧತಿ. ಹಿಂದಿನ ರಾತ್ರಿಯೇ ಕೋಲಿನ ಪೆಟ್ಟಿಗೆಯನ್ನು ಕೆಳಗೆ ಬಾಗಿಲ ಬಳಿ ಇಟ್ಟರೆ ಮತ್ತೆ ಮೇಜಿನ ಮುಂದೆ ನಿಲ್ಲುವ ತನಕ ಅದನ್ನು ತೆರೆಯುತ್ತಿರಲಿಲ್ಲ, ಮುಹೂರ್ತಕ್ಕೆ ಮೊದಲು ಮದುಮಗಳ ಮುಖ ನೋಡಬಾರದೆನ್ನುವ ಮದುಮಗನ ಹಾಗೆ. ಆ ಪದ್ಧತಿಯೇ ಕರಬಸಪ್ಪನಿಗೆ ಉಳಿದ ಒಂದೇ ಆಸೆ.

ಅವನು ಅಟ್ಟ ಹತ್ತಿ ತನ್ನ ಕೋಲನ್ನು ತಂದ. ಅದೂ ತಾವ್‌ನ ಕೋಲಿನಂತೆಯೇ ಎರಡು ತುಂಡಾಗಿ ಬಿಚ್ಚುವಂಥದ್ದು. ಅಂತರ ಕಾಲೇಜು ಪಂದ್ಯದಲ್ಲಿ ಬಂದ ಬಹುಮಾನ; ಅವನ ಬಾಳಿನಲ್ಲಿ ಓದಿಗಲ್ಲದೆ ಸಿಕ್ಕ ಒಂದೇ ಬಹುಮಾನ. ಹಿಡಿಯ ಮೇಲೆ ಚೂರಿಯಿಂದ 'ಕ.ಬ.' ಎಂದು ಕೆತ್ತಿದ್ದ. ತುದಿಯ ಬಿಲ್ಲೆ ಪಳಗಿ ಬೆಣ್ಣೆಯಾಗಿತ್ತು. ಆ ಬಿಲ್ಲೆಯನ್ನು ಕಿತ್ತು ತಾವ್‌ನ ಕೋಲಿಗೆ ಅಂಟಿಸುವುದೆಂದು ಕರಬಸಪ್ಪ ನಿರ್ಧರಿಸಿದ. ನಿರ್ಧರಿಸಿದ ಮೇಲೆ ಚಾಕು ತಂದ, ತನ್ನ ಕೈಯಿಂದ ಆಗದೆಂದು ಅದನ್ನು ಕೆಳಗಿಟ್ಟ. ಅದಕ್ಕೇ ಗೆಳೆಯ ಪ್ರಭಾಕರನಿಗೆ ಫೋನು ಮಾಡಿದ. ಪ್ರಭಾಕರ ಮೂಳೆ ಡಾಕ್ಟರು, ಮೈಸೂರಿನವನು, ಆತ್ಮವಿಶ್ವಾಸಕ್ಕೆ ಎಂದೂ ಕೊರತೆಯಿಲ್ಲದವನು.

"ಅಷ್ಟೇನಾ? ಇದು ಡೋನರ್, ಇದು ಪೇಷೆಂಟ್," ಎಂದ ಪ್ರಭಾಕರ, ಎರಡು ಕೋಲನ್ನೂ ಊಟದ ಮೇಜಿನ ಮೇಲೆ ಮಲಗಿಸಿ. "ದಿನಾ ಸೊಂಟ ಬದಲಾಯಿಸೋನು ನಾನು. ನೀನು ಕ್ಲಿನಿಕ್ಕಿಗೆ ಹೋಗು. ನೆಂಟರು ಥಿಯೇಟರ್ ಒಳಗೆ ಇರಬಾರದು."

"ಪ್ರಭಾಕರ, ಹುಷಾರಪ್ಪ. ಆ ಹುಡುಗನ ಜೀವನ ಇದು."

"ಎಲ್ಲಾ ಪೇಷೆಂಟ್ ಕಡೆಯವರೂ ಇದೇ ಹೇಳ್ತಾರೆ."

ಕ್ಲಿನಿಕ್ಕಿನಲ್ಲಿ ಕರಬಸಪ್ಪನಿಗೆ ಮನಸ್ಸು ನಿಲ್ಲಲಿಲ್ಲ. ಮೊಣಕೈ ನೋವೆಂದು ಬಂದ ಮುದುಕನಿಗೆ ನಾಲಿಗೆ ಚಾಚಲು ಹೇಳಿದ. ಕೆಮ್ಮೆಂದು ಬಂದವಳ ಹೆಬ್ಬೆರಳಿನ ತುದಿಯನ್ನೇ ನೋಡುತ್ತ ಕೂತ. ಮಧ್ಯಾಹ್ನ ಮನೆಗೆ ಹಾರಿ ಬರುವಷ್ಟರಲ್ಲಿ ತಾವ್ ಕರಿ ಕೋಟು, ಬೋ ಟೈ ತೊಟ್ಟು ಪೆಟ್ಟಿಗೆ ಹಿಡಿದು ಕಾರಿನ ಬಳಿ ನಿಂತಿದ್ದ. ಸಿದ್ದವ್ವ ಅವನ ಅಂಗೈಗೆ ಮೊಸರು ಸಕ್ಕರೆ ಹಾಕುತ್ತಿದ್ದಳು.

ಕರಬಸಪ್ಪ ಹೆಂಡತಿ ಉಮಾಳನ್ನು ಬಾಗಿಲ ಮರೆಗೆ ಎಳೆದ. "ಪೆಟ್ಟಿಗ್ಯಾಗ ಕೋಲು ಇಟ್ಟಿಯೇನು? ತುದಿ ಐತೇನು?"

"ಐತ್ರಿ. ನಾನಽ ಕೈಯಾರೆ ಇಟ್ಟೀನಿ. ನೀವು ನಡೀರಿ ಮೊದ್ಲ, ಹೊತ್ತಾತು."

ಕರಬಸಪ್ಪನ ಎದೆಯಿಂದ ಬಂಡೆ ಇಳಿಯಿತು. ದಾರಿಯುದ್ದಕ್ಕೂ, ಪಂದ್ಯಕ್ಕೆ ಹೋಗುವ ಆಟಗಾರನ ಪಕ್ಕದಲ್ಲಿ ಗೇರು ಬದಲಾಯಿಸುವುದಕ್ಕೂ ಅವನಿಗೆ ಸಂಕೋಚವಾಗುತ್ತಿತ್ತು.

ಆಟದ ಸಭಾಂಗಣದಲ್ಲಿ ಜನ ಹೆಚ್ಚಿರಲಿಲ್ಲ. ದೀಪದ ಕೆಳಗೆ ಹಸಿರು ಮೇಜು, ಬಿಳಿ ಕೈಗವಸಿನ ರೆಫರಿ, ಎದುರಾಳಿಯಾಗಿ ವೇಲ್ಸಿನ ಒಬ್ಬ ಹಳೇ ಹುಲಿ. ಯಾರು ಮೊದಲು ನಾಲ್ಕು ಫ್ರೇಮ್, ಅಂದರೆ ನಾಲ್ಕು ಸುತ್ತು, ಗೆಲ್ಲುತ್ತಾರೋ ಪಂದ್ಯ ಅವರದು. ತಾವ್ ಪೆಟ್ಟಿಗೆ ತೆರೆದ. ಕೋಲಿನ ಎರಡು ತುಂಡು ತೆಗೆದ. ಜೋಡಿಸಲು ಹೋದವನು ನಿಂತುಬಿಟ್ಟ. ಹಿಡಿಯ ಮೇಲೆ ಹೆಬ್ಬೆರಳು ಆಡಿಸಿದ. ಮುಂದಿನ ಸಾಲಿನಲ್ಲಿದ್ದ ಕರಬಸಪ್ಪ ಕಣ್ಣು ಕಿರಿದಾಗಿಸಿ ನೋಡಿದ: 'ಕ.ಬ.'

ಆಗ ಅವನಿಗೆ ಎಲ್ಲ ಹೊಳೆಯಿತು. ಪ್ರಭಾಕರ ಆಪರೇಷನ್ನನ್ನೇ ಮಾಡಿಲ್ಲ! ಆಸ್ಪತ್ರೆಯಿಂದ ತುರ್ತು ಕರೆ ಬಂದು ಓಡಿರಬೇಕು. ಮೇಜಿನ ಮೇಲೆ ಎರಡು ಕೋಲು. ಒಂದಕ್ಕೆ ತುದಿ ಇದೆ, ಒಂದಕ್ಕಿಲ್ಲ. ಉಮಾ ಪಾಪ, ಇದ್ದದ್ದನ್ನು ಪೆಟ್ಟಿಗೆಗೆ ಹಾಕಿದ್ದಾಳೆ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎನ್ನುವುದು ಇದಕ್ಕೇ.

ತಾವ್ ತಲೆಯೆತ್ತಿ ಪ್ರೇಕ್ಷಕರತ್ತ ನೋಡಿದ. ಕರಬಸಪ್ಪ ಬೂಟಿನ ಲಾಡಿ ಕಟ್ಟಿಕೊಳ್ಳುವವನಂತೆ ಬಗ್ಗಿದ. ಅವನ ಬೂಟಿಗೆ ಲಾಡಿಯೇ ಇರಲಿಲ್ಲ. ರೆಫರಿ ಹೆಸರು ಕರೆದ. ಬೇರೆ ದಾರಿಯಿಲ್ಲದೆ ತಾವ್ ಹುಬ್ಬಳ್ಳಿಯ ಕೋಲು ಹಿಡಿದು ಎದ್ದ.

ಮೊದಲ ಫ್ರೇಮ್ ಹೋಯಿತು. ಎರಡನೆಯದೂ ಹೋಯಿತು. ಮೂರನೆಯದರಲ್ಲಿ ಹುಡುಗ ಸುಲಭದ ಚೆಂಡನ್ನು ಬಿಟ್ಟಾಗ ಹಿಂದೆ ಕೂತ ಯಾರೋ "ಅಯ್ಯೋ ಪಾಪ," ಎನ್ನುವಂತೆ ನಾಲಿಗೆ ಲೊಚಗುಟ್ಟಿದರು. ಅದೂ ಹೋಯಿತು. ಕರಬಸಪ್ಪನಿಗೆ ಅಲ್ಲಿಂದೆದ್ದು ಸೀದಾ ಪೊಲೀಸರಿಗೆ ಶರಣಾಗಬೇಕೆನ್ನಿಸಿತು. ಒಬ್ಬ ಹುಡುಗನ ಹನ್ನೆರಡು ವರ್ಷದ ತಪಸ್ಸನ್ನು ತನ್ನ ಮನೆಯ ಅರಿಸಿನ, ಕುಂಕುಮ, ಮೂಳೆ ಡಾಕ್ಟರು ಸೇರಿ ಟೈಲ್ಸ್ ಕಾರ್ಖಾನೆಗೆ ಕಳಿಸುತ್ತಿದ್ದಾರಲ್ಲ!

ನಾಲ್ಕನೆಯ ಫ್ರೇಮಿಗೆ ಮುಂಚೆ ತಾವ್ ಕುರ್ಚಿಯಲ್ಲಿ ಕೂತು ಕೋಲನ್ನು ತೊಡೆಯ ಮೇಲೆ ಅಡ್ಡ ಮಲಗಿಸಿಕೊಂಡ. ಅದರ ತೂಕವನ್ನು ಅಂಗೈಯಿಂದ ಅಳೆದ. ಕಣ್ಣು ಮುಚ್ಚಿದ. ಹೊಸ ಕುದುರೆಯ ಕುತ್ತಿಗೆ ಸವರುವ ಹಾಗೆ ಅದನ್ನು ಒಮ್ಮೆ ಸವರಿ ಎದ್ದ.

ಆಮೇಲೆ ನಡೆದದ್ದನ್ನು ಕರಬಸಪ್ಪ ಇಂದಿಗೂ ಪೂರ್ತಿ ಹೇಳಲಾರ. ಕೆಂಪು ಚೆಂಡು ಹೋಯಿತು, ಕಪ್ಪು ಹೋಯಿತು. ಮತ್ತೆ ಕೆಂಪು, ಮತ್ತೆ ಕಪ್ಪು. ಬಿಳಿ ಚೆಂಡು ಸಾಕಿದ ನಾಯಿಯಂತೆ ಅವನು ಬೇಕೆಂದಲ್ಲಿಗೆ ಬಂದು ನಿಲ್ಲುತ್ತಿತ್ತು. ಹೊಡೆದದ್ದಕ್ಕೆ ಸದ್ದೇ ಇಲ್ಲ. ಮೈ ಮುಟ್ಟಿ ಮಾತಾಡಿಸಿದಂತೆ, ಅಷ್ಟೆ. ಹುಡುಗನ ಮುಖದಲ್ಲಿ ಸಂತೋಷವಿಲ್ಲ, ಸಿಟ್ಟಿಲ್ಲ, ಅವಸರವಿಲ್ಲ. ಮೇಜಿನ ಸುತ್ತ ಅವನು ನಡೆಯುವುದನ್ನು ನೋಡಿದರೆ ಚೆಂಡುಗಳೆಲ್ಲ ಯಾವತ್ತೋ ಒಳಗೆ ಬಿದ್ದಾಗಿದೆ, ಅವನು ಅದನ್ನು ನೆನಪು ಮಾಡಿಕೊಳ್ಳುತ್ತಿದ್ದಾನೆ ಎನ್ನಿಸುತ್ತಿತ್ತು. ಒಂದೇ ಸರದಿಯಲ್ಲಿ ಅಂಕ ನೂರು ದಾಟಿದಾಗ ಇಡೀ ಸಭಾಂಗಣ ಚಪ್ಪಾಳೆ ತಟ್ಟಿತು. ಕರಬಸಪ್ಪನಿಗೆ ಕೈ ಎತ್ತಲಾಗಲಿಲ್ಲ. ಇದೇ ಕೋಲಿನಿಂದ ತಾನು ಹುಬ್ಬಳ್ಳಿಯಲ್ಲಿ ಮೂವತ್ತು ಮಾಡಿದ ದಿನ ಗೆಳೆಯರಿಗೆಲ್ಲ ಗಿರಮಿಟ್ಟು ಮಿರ್ಚಿ ಕೊಡಿಸಿದ್ದ. ಅದರೊಳಗೆ ಇಂಥದ್ದೊಂದು ಅಡಗಿತ್ತೆಂದು ಅವನಿಗೆ ಎಲ್ಲಿ ಗೊತ್ತು?

ಐದನೆಯದೂ ತಾವ್‌ನದಾಯಿತು. ಆರನೆಯದೂ ಆಯಿತು. ಕೊನೆಯ ಫ್ರೇಮಿನ ಕೊನೆಯ ಕಪ್ಪು ಚೆಂಡು ಬಿದ್ದಾಗ ವೇಲ್ಸಿನ ಹಳೇ ಹುಲಿ ಸೋತ ಬೇಸರವನ್ನೂ ಮರೆತು ಹುಡುಗನ ಕೋಲನ್ನು ಬಗ್ಗಿ ನೋಡಿ, "ಇದನ್ನು ಯಾರು ಮಾಡಿಕೊಟ್ಟರಪ್ಪ?" ಎಂದು ಕೇಳಿದ. ತಾವ್ ಪ್ರೇಕ್ಷಕರತ್ತ ಬೆರಳು ತೋರಿಸಿದ. ಕರಬಸಪ್ಪ ಮತ್ತೆ ಬಗ್ಗಿದ.

ವಾಪಸು ಬರುವಾಗ ಕಾರಿನಲ್ಲಿ ಕರಬಸಪ್ಪ ಎಲ್ಲವನ್ನೂ ಹೇಳಿ ಕ್ಷಮೆ ಕೇಳಿದ. ತಾವ್ ಕಿಟಕಿಯಾಚೆ ನೋಡುತ್ತ ಕೇಳಿಸಿಕೊಂಡ. ಕೊನೆಗೆ ತನ್ನ ಬಿಡಿ ಬಿಡಿ ಇಂಗ್ಲಿಷಿನಲ್ಲಿ, "ಡಾಕ್ಟರ್, ಒಂದು ವರ್ಷದಿಂದ ನನ್ನ ಕೈ ಕೆಟ್ಟಿದೆ ಅಂದುಕೊಂಡಿದ್ದೆ. ಕೈ ಸರಿಯಾಗಿದೆ," ಎಂದ. ಆಮೇಲೆ ಕರಬಸಪ್ಪನ ಕಡೆ ತಿರುಗಿ ಹೇಳಿದ: "ನನ್ನ ಕೋಲು ಅಪ್ಪ ಕೊಡಿಸಿದ್ದು. ಅದು ಸರಿಯಾಗೋವರೆಗೆ ನಿಮ್ಮದು ಕೊಡ್ತೀರಾ? ಅದು ಸರಿಯಾದ ದಿನ ನಿಮ್ಮದು ವಾಪಸ್."

"ಕೊಡ್ತೀನಿ, ಕೊಡ್ತೀನಿ!" ಎಂದ ಕರಬಸಪ್ಪ. ಅವನ ಮನಸ್ಸು ಆಗಲೇ ಹುಬ್ಬಳ್ಳಿಗೆ ಹಾರಿತ್ತು. ಮಹಾ ಪಂದ್ಯ ಗೆದ್ದ ಕೋಲನ್ನು ಕ್ಲಬ್ಬಿಗೆ ಒಯ್ದು, ಹಳೆಯ ಗೆಳೆಯರ ನಡುವೆ ಪೆಟ್ಟಿಗೆ ತೆರೆಯುವಾಗ ಏನು ಹೇಳಬೇಕೆಂದು ಮನೆ ಬರುವವರೆಗೂ ಕಾರಿನಲ್ಲೇ ಅಭ್ಯಾಸ ಮಾಡಿದ. ತಾವ್‌ನ ಕೋಲಿಗೆ ಬೇಕಾದದ್ದೇನು? ಒಂದು ಬಿಲ್ಲೆ. ನಾಳೆ ಅಂಗಡಿಗೆ ಕೊಟ್ಟರೆ ಮುಗಿಯಿತು.

ಮನೆಯ ಬಾಗಿಲನ್ನು ಪ್ರಭಾಕರನೇ ತೆರೆದ. ತೋಳು ಮಡಿಸಿದ್ದ. ಅಂಗಿಯ ಮೇಲೆಲ್ಲ ಮರದ ಹೊಟ್ಟು.

"ಬೆಳಿಗ್ಗೆ ತುರ್ತು ಕೇಸ್ ಬಂತು ಕಣೋ, ಶುರು ಮಾಡೋ ಮೊದಲೇ ಓಡಿದ್ದೆ. ಮನಸ್ಸು ತಡೀಲಿಲ್ಲ, ವಾಪಸ್ ಬಂದೆ. ಪೇಷೆಂಟನ್ನ ಮೇಜಿನ ಮೇಲೆ ಹಾಗೇ ಬಿಡೋದು ನಮ್ಮ ಧರ್ಮ ಅಲ್ಲ."

"ಏನು ಮಾಡಿದೆ ಪ್ರಭಾಕರ?"

"ಡೋನರ್ ಕಾಣಲಿಲ್ಲ, ಪೇಷೆಂಟನ್ನಾದ್ರೂ ತಯಾರು ಮಾಡೋಣ ಅಂತ. ಬಿಲ್ಲೆ ಕೂರಬೇಕಾದ್ರೆ ತುದಿ ಸಮ ಇರಬೇಕು. ನಿಮ್ಮ ತಾಯಿ ಚಾಕುವಿನಲ್ಲಿ ಕೆರೆದು ಸ್ವಲ್ಪ ಹಾಳು ಮಾಡಿದ್ರು. ಒಂಚೂರು ಗರಗಸದಲ್ಲಿ ತೆಗೆದೆ. ಓರೆ ಆಯ್ತು. ಇನ್ನೊಂಚೂರು ತೆಗೆದೆ. ಆ ಕಡೆ ಓರೆ ಆಯ್ತು." ಪ್ರಭಾಕರ ಒಂದು ಕ್ಷಣ ನೆಲ ನೋಡಿದ. "ಆದರೆ ಕೊನೆಗೆ ಎಂಥಾ ಸಮ ಬಂತು ಅಂತೀಯ! ಬೇಕಾದ್ರೆ ಕೈಯಿಟ್ಟು ನೋಡು."

ಅಡುಗೆಮನೆಯಿಂದ ಸಿದ್ದವ್ವ ಬಂದಳು. ಅವಳ ಕೈಯಲ್ಲಿ ಮೊಳದುದ್ದದ, ನುಣ್ಣಗಿನ, ಅರಿಸಿನ ಬಣ್ಣದ ಒಂದು ಕಟ್ಟಿಗೆ ಇತ್ತು. ಹೋಳಿಗೆಯ ಕಣಕದ ಹಿಟ್ಟು ಆಗಲೇ ಅದಕ್ಕೆ ಮೆತ್ತಿತ್ತು.

"ಮುರದ ಆಯುಧ ಮನ್ಯಾಗ ಇಡಬಾರ್ದು ಅಂತಾರ," ಎಂದಳು. "ಲಟ್ಟಣಿಗಿ ಆದ್ರ ದೋಷ ಇಲ್ಲ."

ತಾವ್ ಮಿಂಗ್ ಮುಂದೆ ಬಂದು ಅವಳ ಕೈಯಿಂದ ಅದನ್ನು ತೆಗೆದುಕೊಂಡ. ಕಣ್ಣಿನ ಮಟ್ಟಕ್ಕೆ ಹಿಡಿದು, ಕೋಲು ನೆಟ್ಟಗಿದೆಯೇ ಎಂದು ನೋಡುವಂತೆ, ಬಹಳ ಹೊತ್ತು ನೋಡಿದ. ಆಮೇಲೆ ಎರಡೂ ಕೈಯಿಂದ ಅವಳಿಗೆ ಮರಳಿ ಕೊಟ್ಟು, ಅವಳೇ ಕಲಿಸಿದ ಕನ್ನಡದಲ್ಲಿ, "ಚಲೋ ಆತು, ಅವ್ವಾ," ಎಂದ.

ಅನಂತರ ಕರಬಸಪ್ಪನ ಕಡೆ ತಿರುಗಿ ಅವನ ಕೈಯಲ್ಲಿದ್ದ ಪೆಟ್ಟಿಗೆಯನ್ನು ತುಂಬ ಮರ್ಯಾದೆಯಿಂದ ತೆಗೆದುಕೊಂಡ. ಸಣ್ಣಗೆ ತಲೆಬಾಗಿದ. ಒಂದೊಂದೇ ಮೆಟ್ಟಿಲು ಹತ್ತಿ ಕೋಣೆಗೆ ಹೋದ. ಒಳಗಿನಿಂದ ಚಿಲಕ ಬಿದ್ದ ಸದ್ದು ಕೇಳಿಸಿತು.

ವಿಜಯದಶಮಿಯ ಹೋಳಿಗೆಗಳು ಆ ವರ್ಷ ಬಹಳ ಗುಂಡಗೆ ಬಂದವು. ಪ್ರಭಾಕರ ಆರು ತಿಂದ. ಕರಬಸಪ್ಪ ಮಾತ್ರ ಹೊಟ್ಟೆ ಸರಿಯಿಲ್ಲವೆಂದು ಒಂದನ್ನೂ ಮುಟ್ಟಲಿಲ್ಲ.