ಬಿಸಿಲಿಗೆ ಹಾಕಿದ ಸಿನಿಮಾ

ಯಾರೂ ನೋಡದ ಸಿನಿಮಾವನ್ನು ಉಳಿಸಲು ಹೊರಟವನಿಗೆ ಇಂಥದ್ದೆಲ್ಲ ಆಗದೆ ಮತ್ತೆಂತ ಆಗ್ತದೆ ಹೇಳಿ! ಕೇರಳದ ಗಡಿಯೊಳಗಿನ ಬಾಯಾರು ಎಂಬ ಊರಿನ ನನ್ನ ಸ್ನೇಹಿತ ಪ್ರಾಯದಲ್ಲಿ ಊರವರನ್ನೇ ಸೇರಿಸಿ ಒಂದು ಸಿನಿಮಾ ತೆಗೆದಿದ್ದ. ಅವನ ಹೆಂಡತಿಯೇ ನಾಯಕಿ, ಕ್ಯಾಮರಾ ಹಿಡಿದವನು ನಾನು. ಈಗ ಹೆಂಡತಿ ತೀರಿಹೋಗಿದ್ದಳು. ಸಕ್ಕರೆ ಕಾಯಿಲೆಯಿಂದ ಅವನ ಕಣ್ಣೂ ಮಂಜಾಗುತ್ತಿತ್ತು. "ಕಣ್ಣು ಪೂರ್ತಿ ಹೋಗುವ ಮೊದಲು ಅವಳು ನಡೆದಾಡುವುದನ್ನು ಒಮ್ಮೆ ನೋಡಬೇಕು ಮಾರಾಯ. ಆ ಸಿನಿಮಾ ಹುಡುಕಿ ಕೊಡು" ಅಂದ.

೧. ಹಪ್ಪಳದ ಡಬ್ಬಿ

ರೀಲುಗಳು ಪೈವಳಿಕೆಯಲ್ಲಿ ಅವನ ಅಕ್ಕನ ಮನೆಯ ಅಟ್ಟದಲ್ಲಿದ್ದವು. ಹೋಗಿ ನೋಡಿದರೆ ಡಬ್ಬಿಗಳೆಲ್ಲ ಉಂಟು, ಒಳಗೆ ಹಲಸಿನ ಹಪ್ಪಳ!

"ಉರುಟು ಡಬ್ಬಿ. ಹಪ್ಪಳಕ್ಕೆ ಹೇಳಿ ಮಾಡಿಸಿದ ಹಾಗೆ ಉಂಟು ಮಾಷ್ಟ್ರೇ."

"ಒಳಗಿದ್ದ ರೀಲು ಎಂತ ಮಾಡಿದಿರಿ ಅಕ್ಕಾ?"

"ಬಿಸಾಡ್ಲಿಕ್ಕೆ ಆಗ್ತದಾ? ತಮ್ಮನದ್ದಲ್ವಾ! ಹುಳಿ ವಾಸನೆ ಬರ್ತಿತ್ತು. ಅಡಿಕೆ ಒಟ್ಟಿಗೆ ಅಂಗಳದಲ್ಲಿ ಹರಡಿ ಒಣಗಿಸಿದೆ. ಬೇಸಗೆಯಿಡೀ ಒಳ್ಳೆ ಬಿಸಿಲು."

ಒಣಗಿದ್ದಂತೂ ಹೌದು. ಕೈಗೆತ್ತಿಕೊಂಡದ್ದೇ ಚಟಚಟ ಮುರಿಯಿತು. ಅಕ್ಕ ಕಾಫಿಯ ಜೊತೆ ಹಪ್ಪಳ ಕರಿದು ಕೊಟ್ಟರು. ಹಪ್ಪಳ ಮಾತ್ರ ಸ್ವಲ್ಪ ಮೆತ್ತಗಾಗಿತ್ತು.

೨. ಆಚೆ ಕೇಳಿ

ಚೂರುಗಳನ್ನಾದರೂ ಜೋಡಿಸಿಯಾರೋ ಎಂದು ಹಳೆ ಸಿನಿಮಾಗಳನ್ನು ಕಾಪಾಡುವ ಕೇರಳದ ಒಂದು ಕಚೇರಿಗೆ ಫೋನ್ ಮಾಡಿದೆ. "ಕನ್ನಡ ಸಿನಿಮಾ ಅಲ್ವಾ? ಕರ್ನಾಟಕದಲ್ಲಿ ಕೇಳಿ." ಅಲ್ಲಿ ಕೇಳಿದರೆ, "ಕೇರಳದಲ್ಲಿ ತೆಗೆದದ್ದಲ್ವಾ? ಅಲ್ಲೇ ಕೇಳಿ." ಫೋನ್ ಇಡುವ ಮೊದಲು ಇಬ್ಬರೂ "ಇಂಥ ಸಿನಿಮಾ ಉಳಿಯಬೇಕು ಸಾರ್" ಅಂದರು. ಎಲ್ಲಿ ಉಳಿಯಬೇಕು ಅಂತ ಇಬ್ಬರೂ ಹೇಳಲಿಲ್ಲ.

೩. ಹೊಸತೇ ಉಂಟು

ಹಿಂದೆ ಉಪ್ಪಳದ ಒಂದು ವೀಡಿಯೊ ಅಂಗಡಿಯಲ್ಲಿ ಬಾಡಿಗೆಗೆಂದು ಅದರ ಕ್ಯಾಸೆಟ್ ಇಟ್ಟಿದ್ದೆವು. ನೆನಪಾದದ್ದೇ ಅಲ್ಲಿಗೆ ಓಡಿದೆ. ಅಂಗಡಿಯ ಯಜಮಾನ ಕಾಕ ಈಗ ಮೊಬೈಲ್ ಕವರ್ ಮಾರುತ್ತಿದ್ದರು. ಒಳಗಿಂದ ಕ್ಯಾಸೆಟ್ ತಂದು ಧೂಳು ಕೊಡವಿ ಕೊಟ್ಟರು.

"ಬೇರೆಯದ್ದೆಲ್ಲ ಓಡಿ ಓಡಿ ಹಾಳಾಯ್ತು. ನಿಮ್ಮದನ್ನು ಒಬ್ಬರೂ ತೆಗೊಂಡು ಹೋಗ್ಲಿಲ್ಲ ಮಾಷ್ಟ್ರೇ, ಹೊಸತೇ ಉಂಟು!"

ಆ ಸಿನಿಮಾಕ್ಕೆ ನಾನು ಕೇಳಿದ ಒಂದೇ ಒಂದು ಹೊಗಳಿಕೆ ಅದು.

೪. ಗುಲಾಬಿ

ಡಿವಿಡಿ ಮಾಡಿಸಲು ಮದುವೆ ವೀಡಿಯೊ ಮಾಡುವ ಸ್ಟುಡಿಯೊಗೆ ಕೊಟ್ಟೆ. ಬೇರೆ ಯಾರಿದ್ದಾರೆ ನಮ್ಮಲ್ಲಿ?

"ಕ್ಯಾಸೆಟ್ಟನ್ನು ಮೆಷಿನ್ ನುಂಗಿತು ಮಾಷ್ಟ್ರೇ. ಆದ್ರೆ ಕಾಪಿ ಆದ ಮೇಲೆ, ಬಚಾವು!" ಅಂದ ಸ್ಟುಡಿಯೊದವ. "ಸೌಂಡ್ ಬರೀ ಗರಗರ, ತೆಗೆದು ನಾಗಸ್ವರ ಹಾಕಿದ್ದೇನೆ. ಚಿತ್ರದಲ್ಲಿ ಗೀಟು ಕಾಣುವಲ್ಲೆಲ್ಲ ಮದುವೆ ವೀಡಿಯೊದ ಗುಲಾಬಿ ಬಿಟ್ಟಿದ್ದೇನೆ."

ಇನ್ನೆಂತ ಮಾಡುವುದು? ಸ್ನೇಹಿತನನ್ನು ಟಿವಿಗೆ ಮೂಗು ತಾಗುವಷ್ಟು ಹತ್ತಿರ ಕೂರಿಸಿ ಅದನ್ನೇ ಹಾಕಿದೆ. ಅವನ ಹೆಂಡತಿ ಕೊಡಪಾನ ಹಿಡಿದು ಬಾವಿಕಟ್ಟೆಗೆ ಬಂದಳು, ಮುಖದ ತುಂಬ ಗುಲಾಬಿ. ಕತೆಯ ಕೊನೆಗೆ ಚಾಪೆಯ ಮೇಲೆ ಸಾಯುವಾಗಲೂ ಅವಳಿಗೆ ನಾಗಸ್ವರ. ನನಗೆ ಅಳು ತಡೆಯಲಿಲ್ಲ. ಅವನು ಮಾತ್ರ ಅಲುಗಾಡದೆ ಪೂರ್ತಿ ನೋಡಿದ. ಮುಗಿದ ಮೇಲೆ ಪಂಚೆಯ ತುದಿಯಿಂದ ಕಣ್ಣೊರೆಸಿಕೊಂಡ.

"ಯಾರ ಮದುವೆಯೋ, ಗಮ್ಮತ್ತಾಗಿದೆ" ಅಂದ. "ಇನ್ನು ನಮ್ಮ ಸಿನಿಮಾ ಹಾಕು ಮಾರಾಯ. ಅವಳು ಬಾವಿಕಟ್ಟೆಗೆ ಬರುವುದನ್ನು ನೋಡಬೇಕು."