ಅತ್ತೆಗೊಂದು ರಿಯಾಕ್ಟರ್ ಬೇಕಂತೆ!

ನಮ್ಮ ಸೋದರತ್ತೆ, ಅಂದರೆ ಅಪ್ಪನ ಅಕ್ಕ, ಅಣು ರಿಯಾಕ್ಟರ್‌ಗೆ ಅರ್ಜಿ ಹಾಕಿದ್ದಾಳೆ. ಹೌದು, ಸರಿಯಾಗಿಯೇ ಓದಿದಿರಿ! ಹೊಲಿಗೆ ಯಂತ್ರಕ್ಕಲ್ಲ, ಹನಿ ನೀರಾವರಿ ಪೈಪಿಗಲ್ಲ, ರಿಯಾಕ್ಟರ್‌ಗೆ! ಇಂಥ ಅರ್ಜಿ ಹಾಕಿದ ಇನ್ನೊಬ್ಬ ಹೆಂಗಸು ಈ ಭೂಮಿಯ ಮೇಲಿದ್ದರೆ ದಯವಿಟ್ಟು ತಿಳಿಸಿ. ಅವರ ಮನೆಯವರ ಜೊತೆ ಕೂತು ಸಮಾಧಾನ ಮಾಡಿಕೊಳ್ಳುತ್ತೇವೆ.

ಅತ್ತೆ ಸರ್ಕಾರಿ ಶಾಲೆಯಲ್ಲಿ ಪಾಠ ಹೇಳಿ ನಿವೃತ್ತಳಾದವಳು. ಮಸ್ಕಿಯಲ್ಲಿ ನಮ್ಮ ಜೊತೆಗೇ ಇದ್ದಾಳೆ. ಎಲ್ಲರ ಬಾಯಲ್ಲೂ 'ಅಕ್ಕೋರು'. ಅವಳು ನಿವೃತ್ತಳಾದದ್ದು ಸರ್ಕಾರಕ್ಕೆ ಗೊತ್ತು, ಅವಳಿಗೆ ಮಾತ್ರ ಇನ್ನೂ ಗೊತ್ತಾಗಿಲ್ಲ!

ಒಂದು ಬೆಳಿಗ್ಗೆ ಪೇಪರ್ ಓದುತ್ತಾ ಕೂತವಳು ಕನ್ನಡಕ ತೆಗೆದು ಅಪ್ಪನನ್ನು ನೋಡಿದಳು. "ತಮ್ಮಾ, ದೇಶದಾಗ ಅಣು ಕರೆಂಟ್ ಹತ್ತು ಪಟ್ಟು ಹೆಚ್ಚ ಮಾಡ್ತಾರಂತ. ಸಣ್ಣ ಸಣ್ಣ ರಿಯಾಕ್ಟರೂ ಬರ್ತಾವಂತ. ಪಾಮನಕಲ್ಲೂರಿನ ನನ್ನ ಹೊಲ ಸುಮ್ನ ಬಿದ್ದೈತಿ. ಅಲ್ಲೊಂದು ಹಾಕಸೂಣು."

ಅಪ್ಪ ಕುಡಿಯುತ್ತಿದ್ದ ಚಹಾ ಮೂಗಿನಿಂದ ಹೊರಗೆ ಬಂತು. "ಅಕ್ಕಾ, ಅದೇನು ಬೋರ್‌ವೆಲ್ಲೇನು?"

"ಬೋರ್‌ವೆಲ್‌ಗೆ ಕರೆಂಟ್ ಎಲ್ಲಿಂದ ಬರಬೇಕು? ಅದಕ್ಕ ಇದು!"

ಅಪ್ಪ ಮೂಗು ಒರೆಸಿಕೊಂಡು ತಲೆಯಾಡಿಸಿದ. ಚಿಕ್ಕವನಿದ್ದಾಗ ಅವನೂ ಅವಳ ಕೈಯಲ್ಲೇ ಕಲಿತವನು, ಪಾಪ!

ಮುಂದಿನ ಆಘಾತ ನನ್ನ ಪಾಲಿಗೆ ಬಂದದ್ದು ಸಿಂಧನೂರಿನಿಂದ ಮಸ್ಕಿಗೆ ಬರುವ ಬಸ್ಸಿನಲ್ಲಿ. ಅತ್ತೆಯ ರಿಯಾಕ್ಟರ್ ಮಾತು ಕೇಳಿ ಪಕ್ಕದಲ್ಲಿದ್ದ ಹೆಂಗಸು ಬಾಯ್ತಪ್ಪಿ, "ಅಣು ಅಂದ್ರ ಏನ್ರಿ ಅಕ್ಕೋರ?" ಅಂದುಬಿಟ್ಟಳು. ಕೇಳಬಾರದಿತ್ತು! ಅತ್ತೆ ಚೀಲದಿಂದ ಹುರಿದ ಶೇಂಗಾ ತೆಗೆದು ಎಲ್ಲರಿಗೂ ಹಂಚಿದಳು. ಜನ ಪ್ರಸಾದವೆಂದು ಕೈಯೊಡ್ಡಿದರು. "ಯಾರೂ ತಿನಬ್ಯಾಡ್ರಿ! ನಾ ಒಬ್ಬರಿಗೆ ಒಂದು ಒಗೀತೀನಿ. ಬಡಿಸಿಕೊಂಡವರು ಇಬ್ಬರಿಗೆ ಒಗೀರಿ. ಆ ಇಬ್ಬರೂ ಮತ್ತ ಇಬ್ಬಿಬ್ಬರಿಗೆ! ಅಣು ಒಂದರಿಂದ ಒಂದು ಒಡಿಯೂದು ಹಿಂಗ!"

ಅರ್ಧ ದಾರಿ ದಾಟುವಷ್ಟರಲ್ಲಿ ಬಸ್ಸಿನೊಳಗೆ ಶೇಂಗಾದ ಆಲಿಕಲ್ಲು ಮಳೆ! ಒಬ್ಬ ಯಜಮಾನರು ರುಮಾಲು ಬಿಚ್ಚಿ ಮುಖಕ್ಕೆ ಮುಚ್ಚಿಕೊಂಡರು. ಕಂಡಕ್ಟರ್ ಸೀಟಿ ಊದಿ ಕೂಗಿದ: "ಏನ್ ಹಚ್ಚೀರಿ ಇದು? ಒಬ್ಬರೂ ಕೈ ಎತ್ತಬಾರ್ದು! ಗಾಡಿ ಸ್ಟೇಷನ್ನಿಗೆ ಹೊಡಸ್ತೀನಿ!" ಎತ್ತಿದ ಕೈಗಳೆಲ್ಲ ಇಳಿದವು.

ಅತ್ತೆ ಎದ್ದು ನಿಂತು ಹೆಮ್ಮೆಯಿಂದ ಅವನನ್ನು ತೋರಿಸಿದಳು. "ನೋಡ್ರಿ, ರಿಯಾಕ್ಟರ್‌ನ್ಯಾಗ ಹಿಂಗ ಹತೋಟಿ ಮಾಡಾಕ ಒಂದು ಸಲಾಕಿ ಇರ್ತೈತಿ. ಆ ಸಲಾಕಿ ಅಂದ್ರ ಇವರ!"

ಸಲಾಕೆಗೆ ಬಂದ ಸಿಟ್ಟನ್ನು ನಾನು ವರ್ಣಿಸಲಾರೆ. ಮಸ್ಕಿ ಬರುವವರೆಗೂ ನಾನು ಕಿಟಕಿಯ ಹೊರಗೆ ನೋಡುತ್ತಾ, ಈಕೆ ಯಾರೋ ಏನೋ ಎಂಬಂತೆ ಕೂತಿದ್ದೆ.

ಆಮೇಲೆ ಅರ್ಜಿ. ತಾಲ್ಲೂಕು ಕಚೇರಿಯ ಗುಮಾಸ್ತ ಅದನ್ನು ಓದಿದ, ತಿರುವಿ ನೋಡಿದ, ಮತ್ತೆ ಓದಿದ. ಗಾಬರಿಯಲ್ಲಿ ಅವನಿಗೆ ರೂಢಿಯ ಮಾತೇ ಬಂತು: "ಪಹಣಿ ಹಚ್ಚೀರಿ, ಆಧಾರ್ ಹಚ್ಚೀರಿ. ಎರಡು ಫೋಟೋ ಬೇಕಲ್ರಿ ಅಕ್ಕೋರ?"

"ಯಾರ್ದಪ್ಪ? ನಂದೋ, ರಿಯಾಕ್ಟರ್‌ದೋ?"

ಅರ್ಜಿಗೆ ಸೀಲು ಬಿತ್ತು! ಸುದ್ದಿ ನಮಗಿಂತ ಮೊದಲು ಪಾಮನಕಲ್ಲೂರು ಮುಟ್ಟಿತು, ಅದೂ 'ಅಕ್ಕೋರ ಹೊಲದಾಗ ಅಣುಬಾಂಬ್ ಹುಗೀತಾರಂತ' ಎಂಬ ರೂಪದಲ್ಲಿ. ಅಲ್ಲಿನ ಒಂದು ಹುಡುಗಿಯನ್ನು ನೋಡಲು ಹೊರಟಿದ್ದ ಲಿಂಗಸುಗೂರಿನ ಬೀಗರು, "ಗದ್ಲ ತಣ್ಣಗಾಗ್ಲಿ, ಆಮ್ಯಾಲ ಬರ್ತೀವಿ" ಎಂದು ಫೋನ್ ಇಟ್ಟರಂತೆ. ಹುಡುಗಿಯ ಅಪ್ಪ ನಮ್ಮ ಮನೆಗೇ ಬಂದು ಬಾಗಿಲಲ್ಲಿ ನಿಂತ. ಅಪ್ಪನ ಮುಖ ಬಿಳಿಚಿಕೊಂಡಿತು. ಅತ್ತೆ ಮಾತ್ರ, "ನಾನ ಬಂದು ತಿಳಿಸಿ ಹೇಳ್ತೀನಿ" ಎಂದು ಛತ್ರಿ ಹಿಡಿದು ಹೊರಟಳು.

ಬೇವಿನ ಕಟ್ಟೆಯ ಸುತ್ತ ಅರ್ಧ ಊರೇ ಸೇರಿತ್ತು. ಕುರಿಗೆ ಎರಡು ತಲೆ ಹುಟ್ಟುತ್ತವೆಯೇ? ಜೋಳ ಕಪ್ಪಾಗುತ್ತದೆಯೇ? ಅತ್ತೆ ಎಲ್ಲದಕ್ಕೂ ಪಟಪಟನೆ ಉತ್ತರ ಕೊಟ್ಟಳು. ಬೀಗರಿಗೆ ತಾನೇ ಫೋನ್ ಮಾಡಿ, ಬಂದಿರುವುದು ಅರ್ಜಿಗೆ ಸೀಲು ಮಾತ್ರ ಎಂದು ನಂಬಿಸಿದಳು. ಜನ ನಗಲು ಶುರು ಮಾಡಿದರು. ಆಗ ಹಿಂದೆ ನಿಂತಿದ್ದ, ಕುರಿ ಕಾಯುವ ಹೆಂಗಸೊಬ್ಬಳು ಕೇಳಿದಳು: "ಒಲಿ ಹಚ್ಚಿದ್ರ ಬೂದಿ ಉಳೀತೈತ್ರಿ. ಇದರ ಬೂದಿ ಎಲ್ಲಿ ಚೆಲ್ತಾರ?"

ಅತ್ತೆ ಛತ್ರಿ ಬಿಚ್ಚಿದಳು. ಮುಚ್ಚಿದಳು. ಮತ್ತೆ ಬಿಚ್ಚಿದಳು.

ಇಷ್ಟು ದಿನ ತಿಂದ ಆಘಾತಗಳೆಲ್ಲ ಒಂದು ತೂಕ, ಇದೇ ಒಂದು ತೂಕ. ನನ್ನ ಅತ್ತೆಯ ಹತ್ತಿರ ಉತ್ತರವಿಲ್ಲ! ವಾರಗಟ್ಟಲೆ ಅವಳು ಮಾತು ಕಡಿಮೆ ಮಾಡಿ ಓದಿದಳು. ಲೈಬ್ರರಿಯ ಪುಸ್ತಕ, ಹಳೆಯ ಪೇಪರ್, ನನ್ನ ಮೊಬೈಲ್, ಯಾವುದನ್ನೂ ಬಿಡಲಿಲ್ಲ. ಮನೆಯ ಮೌನಕ್ಕೆ ಹೆದರಿ ಅಪ್ಪ, "ಅಕ್ಕಾ, ಬೈಯರ ಬೈ" ಎಂದು ಬೇಡಿಕೊಂಡ. ಕೊನೆಗೊಂದು ಮಧ್ಯಾಹ್ನ ನನಗೆ, "ಗಾಡಿ ತೆಗಿ" ಅಂದಳು.

ಸುಡುಬಿಸಿಲು. ಆ ಕುರಿ ಕಾಯುವ ಹೆಂಗಸು ಗುಡಿಸಲ ಮುಂದೆ ಉಣ್ಣೆ ಬಿಡಿಸುತ್ತಾ ಕೂತಿದ್ದಳು. ಅತ್ತೆ ಬೈಕಿನಿಂದಿಳಿದು ನಿಂತೇ ಹೇಳಿದಳು: "ಆ ಬೂದ್ಯಾಗ ಸ್ವಲ್ಪ ತಿರುಗಿ ಉರುವಲು ಮಾಡ್ತಾರವ್ವ. ಉಳಿದ ವಿಷ ಗಾಜಿನ್ಯಾಗ ಕರಗಿಸಿ, ಉಕ್ಕಿನ ಡಬ್ಬಿಯೊಳಗ ಮುಚ್ಚಿ ಕಾಯ್ತಾರ. ಸಾವಿರಾರು ವರ್ಷ ಕಾಯಬೇಕು. ಅಷ್ಟು ವರ್ಷ ಯಾರು ಕಾಯ್ತಾರ ಅಂದ್ರ, ನನಗ ಗೊತ್ತಿಲ್ಲ. ಅರ್ಜಿ ಹಿಂದ ನಿನ್ನ ಪ್ರಶ್ನಿನೂ ಬರದು ಕಳಿಸೀನಿ."

"ಗೊತ್ತಿಲ್ಲ ಅಂತ ಹೇಳಾಕ ಇಷ್ಟು ಬಿಸಿಲಾಗ ಬಂದ್ರೇನ್ರಿ?" ಆಕೆ ಮಜ್ಜಿಗೆಯ ಚೊಂಬು ತಂದುಕೊಟ್ಟಳು. "ನಾ ಇದ ಊರ ಸಾಲ್ಯಾಗ ನಿಮ್ಮ ಕೈಯಾಗ ಮೂರನೇ ಕ್ಲಾಸ್ ಕಲ್ತಾಕಿರಿ. ಆಗೊಮ್ಮೆ ಕೇಳಿದ್ದೆ, ಸೂರ್ಯಾನ ಒಲಿಗೆ ಕಟಗಿ ಯಾರು ಹಾಕ್ತಾರ್ರಿ ಅಂತ. ಅಧಿಕಪ್ರಸಂಗ ಮಾಡಬ್ಯಾಡ ಅಂತ ಬೆಂಚಿನ ಮ್ಯಾಲ ನಿಲ್ಲಿಸಿದ್ರಿ. ಮರುದಿನದಿಂದ ನಾ ಸಾಲಿಗೆ ಬರ್ಲಿಲ್ಲ. ಸಿಟ್ಟೇನಿಲ್ಲ ಬಿಡ್ರಿ, ಹೆಂಗೂ ಕುರಿ ಕಾಯೂದಿತ್ತು."

ಮಜ್ಜಿಗೆ ಅತ್ತೆಯ ಕೈಯಲ್ಲೇ ಉಳಿಯಿತು. ತಿಂಗಳುಗಟ್ಟಲೆ ಊರೂರಿಗೆ ಅಣುವಿನ ಬೆಂಕಿಯ ಪಾಠ ಹೇಳಿದವಳನ್ನು, ಸೂರ್ಯನಲ್ಲೂ ಉರಿಯುವ ಅದೇ ಬೆಂಕಿಯ ಬಗ್ಗೆ ಎಂಟು ವರ್ಷದ ಕೂಸೊಂದು ಎಂದೋ ಕೇಳಿತ್ತು.

ಅತ್ತೆ ಚೊಂಬು ಕೆಳಗಿಟ್ಟು ನೆಲದ ಮೇಲೆಯೇ ಕುಳಿತಳು. ಉಣ್ಣೆ ಮೆತ್ತಿದ ಆಕೆಯ ಕೈಯನ್ನು ಎರಡೂ ಕೈಗಳಲ್ಲಿ ಹಿಡಿದುಕೊಂಡಳು.

"ಕಟಗಿ ಯಾರೂ ಹಾಕೂದಿಲ್ಲ ಮಗಳ," ಅಂದಳು. "ಕೇಳು, ಹೇಳ್ತೀನಿ."