ಅತ್ತೆಯವರ ಭೂತದಾಟ ಅಪ್‌ಡೇಟ್ ಆದದ್ದು

ಕಾನ್ವೆಂಟಿನಲ್ಲಿ ಓದಿದ ನಮ್ಮಂಥವರಿಗೆ ಒಂದು ರೋಗವಿದೆ. ಯಾರು ಏನು ಕೇಳಿದರೂ ಬಾಯಿಗೆ ಮೊದಲು ಬರುವುದು ‘ಎಸ್’. ಸಿಸ್ಟರ್ ಮುಂದೆ ‘ನೋ’ ಎಂದವರನ್ನು ಹತ್ತು ವರ್ಷದಲ್ಲಿ ನಾನು ಕಾಣಲಿಲ್ಲ. ಹುಡುಗ ಒಪ್ಪಿಗೆಯೇ ಎಂದು ಅಪ್ಪ ಕೇಳಿದಾಗಲೂ ಎಸ್ ಎಂದುಬಿಟ್ಟೆ. ಹುಡುಗನ ಮುಖ ನೋಡಿದ್ದು ಆಮೇಲೆ. ಆ ಎಸ್ ಹೇಗೋ ದಕ್ಕಿತು. ಈ ಸಲದ್ದು ದಕ್ಕಲಿಲ್ಲ.

ನಮ್ಮ ಅತ್ತೆಯವರಿಗೆ ಮೊಣಕಾಲಿನ ಆಪರೇಷನ್ ಆಗಿ, ಕಾಲು ಚಾಚಿ ಕೂರುವ ಶಿಕ್ಷೆ ಬಂತು. ಹಾಸ್ಟೆಲಿಗೆ ಹೋಗುವಾಗ ನನ್ನ ಮಗಳು ಬಿಟ್ಟುಹೋದ, ಕೈಯಲ್ಲಿ ಹಿಡಿದು ಆಡುವ ಗೇಮಿನ ಡಬ್ಬಿ ಅವರ ಕೈಗೆ ಸಿಕ್ಕಿತು. ಅದರೊಳಗೊಂದು ಹಳೇ ಕಾಲದ ಭೂತದಾಟ: ಪಾಳುಬಂಗಲೆ, ಕಂದೀಲು ಹಿಡಿದ ಹುಡುಗಿ, ಬಾಗಿಲ ಸಂದಿಯಲ್ಲಿ ಭೂತ. ಇಂಗ್ಲಿಷ್ ಓದಿ ಹೇಳುವುದು ನನ್ನ ಕೆಲಸ, ಓಡುವುದು ಅವರದು. ಮೂರು ತಿಂಗಳಲ್ಲಿ ಹುಡುಗಿ ಮೂರನೇ ಮಹಡಿ ಮುಟ್ಟಿದಳು. ಅಷ್ಟರಲ್ಲಿ ತಮ್ಮ ಮಗಳ ಮಗಳು ಬಸುರಿಯಾಗಿ, ಅವಳ ಕುಬಸಕ್ಕೆಂದು ಅತ್ತೆಯವರು ಎಂಟು ದಿನ ನಾಲತವಾಡಕ್ಕೆ ಹೊರಟರು. “ಪ್ರೇಮಾ, ನಮ್ಮ ಹುಡುಗಿನ್ನ ಮ್ಯಾಲಿನ ಖೋಲ್ಯಾಗ ಭದ್ರ ನಿಲ್ಲಿಸೇನಿ. ನೀ ಬರೇ ಚಾರ್ಜ್ ಹಚ್ಚು, ಮತ್ತೇನೂ ಮುಟ್ಟಬ್ಯಾಡವಾ.”

ಚಾರ್ಜಿಗೆ ಹಚ್ಚಿದೆ. ಡಬ್ಬಿ ಬೆಳಗಿ ಕೇಳಿತು: ಆಟದ ಹೊಸ ರೂಪ ಬಂದಿದೆ, ಚಿತ್ರಗಳು ಇನ್ನೂ ಸ್ಪಷ್ಟ, ಹಳೆಯ ಆಟ ಅಳಿಸಿಹೋಗುತ್ತದೆ, ಮುಂದುವರಿಯಲೇ? ಪೂರ್ತಿ ಓದಿದೆ. ಅರ್ಥವೂ ಆಯಿತು. ಆದರೆ ಅಷ್ಟು ವಿನಯದಿಂದ ಕೇಳಿದವರಿಗೆ ಇಲ್ಲವೆನ್ನಲು ಅಭ್ಯಾಸವಿಲ್ಲದ ನನ್ನ ಹೆಬ್ಬೆರಳು ಎಸ್ ಒತ್ತಿಬಿಟ್ಟಿತ್ತು. ಹುಡುಗಿ ಮತ್ತೆ ಬಂಗಲೆಯ ಗೇಟಿನ ಹೊರಗೆ.

“ನಿಮ್ಮವ್ವಗ ನೀವ ಹೇಳ್ರಿ” ಎಂದು ಮನೆಯವರನ್ನು ಬೇಡಿದೆ. “ಒತ್ತಾಕಿ ನೀನು, ಒದಿಸಿಕೊಳ್ಳಾವ ನಾನೇನು?” ಎಂದು ಅವರು ಪೇಪರಿನ ಹಿಂದೆ ಮರೆಯಾದರು. ಅತ್ತೆಯವರು ಬರುವುದರೊಳಗೆ ಹುಡುಗಿಯನ್ನು ನಾನೇ ಮೂರನೇ ಮಹಡಿಗೆ ಹತ್ತಿಸಬೇಕು, ಬೇರೆ ದಾರಿಯಿಲ್ಲ. ದಿನಾ ಅಡುಗೆ ಮುಗಿಸಿ ಕೂತೆ. ಹೊಸ ಚಿತ್ರವೋ, ಎಷ್ಟು ಸ್ಪಷ್ಟ! ಮೆಟ್ಟಿಲ ಕಟಾಂಜನದ ಮೇಲಿನ ಧೂಳು, ಜೇಡರ ಬಲೆ, ಪರದೆಯ ಅಂಚಿನ ಹೊಲಿಗೆ ಬಿಚ್ಚಿದ್ದು, ಎಲ್ಲಾ ಕಾಣುತ್ತದೆ. ಆ ಹೊಲಿಗೆ ನೋಡುತ್ತಿರುವಾಗಲೇ ಭೂತ ಬಂದು ಕತ್ತು ಹಿಡಿಯುತ್ತದೆ. ಫೋನಿನಲ್ಲಿ ಮಗಳು, “ಮಮ್ಮಿ, ನಿಂದರಬ್ಯಾಡ, ಓಡು!” ಎಂದು ಚೀರಿದಳು. “ನೆಲದ ತುಂಬ ಗಾಜಿನ ಚೂರು ಬಿದ್ದಾವ, ಬರಿಗಾಲಾಗ ಹೆಂಗ ಓಡಿಸ್ಲೇ?” ಅವಳು ಫೋನ್ ಇಟ್ಟುಬಿಟ್ಟಳು. ಎಂಟು ದಿನದಲ್ಲಿ ನಾನು ಸತ್ತದ್ದಕ್ಕೆ ಲೆಕ್ಕವಿಲ್ಲ, ಸತ್ತಾಗಲೆಲ್ಲ ಹುಡುಗಿ ಮತ್ತೆ ಗೇಟಿನ ಹೊರಗೇ. ಒಂದನೇ ಮಹಡಿಯ ಬಾಗಿಲು ಮಾತ್ರ ತೆರೆಯಲಿಲ್ಲ.

ಅತ್ತೆಯವರು ಬಂದವರೇ ಕಾಲು ತೊಳೆದು, ಕನ್ನಡಕ ಏರಿಸಿ, ಡಬ್ಬಿ ಹಿಡಿದರು. “ಅಯ್ಯ, ನಮ್ಮ ಹುಡುಗಿ ಗೇಟಿನ್ಯಾಗ ಯಾಕ ನಿಂತಾಳ? ಪ್ರೇಮಾ, ಇದನ್ನೇನರ ಮುಟ್ಟಿದ್ದೇನು?”

ಜನ್ಮದಲ್ಲಿ ಬಾರದ ಮಾತು ಅಂದು ಬಾಯಿಗೆ ಬಂತು. “ಇಲ್ರಿ ಅತ್ತಿ.”

ಕನ್ನಡಕದ ಮೇಲಿಂದ ಒಂದು ಗಳಿಗೆ ನೋಡಿದರು. “ನೀ ಸುಳ್ಳ ಹೇಳಾಕಿ ಅಲ್ಲ ಬಿಡು. ಆ ಹಾಳ ಭೂತಾನ ಆಕಿನ್ನ ಎಳಕೊಂಡ ಬಂದು ಇಲ್ಲಿ ಒಗದೈತಿ. ಬಾ, ಬಾಜೂಕ ಕುಂಡ್ರು, ಇಂಗ್ಲೀಷ್ ಓದು.”

ಈಗ ದಿನಾ ಮೊದಲಿನಿಂದ ಓದಿ ಹೇಳುತ್ತಿದ್ದೇನೆ. ಭೂತ ಕಂಡಾಗಲೆಲ್ಲ ಅತ್ತೆಯವರು, “ನನ್ನ ಮೂರು ತಿಂಗಳ ಹಾಳ ಮಾಡಿದೆಲ್ಲ, ನಿನ್ನ ಕೈ ಮುರದ ಬೀಳ್ಲಿ!” ಎಂದು ಬೈಯುತ್ತಾರೆ. ಆಗೆಲ್ಲ ನಾನು ಬಲಗೈ ಹೆಬ್ಬೆರಳನ್ನು ಮೆಲ್ಲಗೆ ಸೆರಗಿನೊಳಗೆ ಮುಚ್ಚಿಟ್ಟುಕೊಳ್ಳುತ್ತೇನೆ.